ಕಾಲು ಮುರಿದ ಮೇಲೆ ಗೆದ್ದ ಪಂದ್ಯಗಳು

ತಕ್ಕಡಿಯವರ ಕಾಲಿನ ಮೇಲೆ ಬಿದ್ದದ್ದು ಸರಿಯಾಗಿ ಇಪ್ಪತ್ತು ಕಿಲೋ. ಈ ವಿಷಯದಲ್ಲಿ ಯಾರಿಗೂ ಸಂಶಯ ಬೇಡ. ಅಳತೆ ಮತ್ತು ತೂಕದ ಕಚೇರಿಯಲ್ಲಿ ಅವರು ಇನ್ಸ್‌ಪೆಕ್ಟರು. ಆ ಕಬ್ಬಿಣದ ತೂಕವನ್ನು ಅದು ಬೀಳುವುದಕ್ಕೆ ಸ್ವಲ್ಪ ಮುಂಚೆ ಅವರೇ ಪರೀಕ್ಷಿಸಿ, ಕೂದಲೆಳೆಯಷ್ಟೂ ಹೆಚ್ಚುಕಡಿಮೆ ಇಲ್ಲವೆಂದು ಮುದ್ರೆ ಒತ್ತಿ, ಮೇಜಿನ ಅಂಚಿನಲ್ಲಿ ಇಟ್ಟಿದ್ದರು. ತೂಕ ಸರಿಯಾಗಿತ್ತು. ಇಟ್ಟ ಜಾಗ ಸರಿಯಿರಲಿಲ್ಲ.

ತಕ್ಕಡಿ ಎಂದು ಅವರಿಗೆ ಹೆಸರಿಟ್ಟವರು ಕಚೇರಿಯವರು. ಅವರು ಸಂಶಯ ಪಡುವುದಕ್ಕೇ ಸಂಬಳ ತೆಗೆದುಕೊಳ್ಳುತ್ತಿದ್ದ ಮನುಷ್ಯ. ಯಾವ ಅಂಗಡಿಗೆ ಹೋದರೂ ತಕ್ಕಡಿಯ ತಟ್ಟೆಯ ಅಡಿಗೆ ಬೆರಳು ತೂರಿಸಿ ನೋಡದೆ ಬರುತ್ತಿರಲಿಲ್ಲ. ಮನೆಗೆ ಬಂದ ಬಿಸ್ಕತ್ತಿನ ಪೊಟ್ಟಣವನ್ನೂ ತೂಗಿದ ಮೇಲೆಯೇ ಒಡೆಯುತ್ತಿದ್ದರು. ಇಂಥವರ ಕಾಲಿಗೆ ಸರ್ಕಾರಿ ಆಸ್ಪತ್ರೆಯ ಮೂಳೆ ಡಾಕ್ಟರು ಪಾದದಿಂದ ಮೊಣಕಾಲಿನವರೆಗೆ ಪ್ಲಾಸ್ಟರ್ ಹಾಕಿ, “ನಾನು ಹೇಳೋವರೆಗೂ ಈ ಕಾಲು ನೆಲ ಮುಟ್ಟಬಾರದು” ಎಂದು ಅಪ್ಪಣೆ ಮಾಡಿದರು. ಕಚೇರಿ ರಜೆ ಕೊಟ್ಟಿತು. ಅತ್ತೆ ಸೇವೆಗೆಂದು ಬಂದಿಳಿದರು. ಬಂದವರು ಹಾಲ್‌ನಲ್ಲಿ ಅಳಿಯನ ಮಂಚದ ಪಕ್ಕವೇ ಕುರ್ಚಿ ಹಾಕಿಕೊಂಡು ಸ್ವೆಟರ್ ಹೆಣೆಯತೊಡಗಿದರು. ಯಾರಿಗೆ ಆ ಸ್ವೆಟರ್ ಎಂದು ಕೇಳುವ ಧೈರ್ಯ ಅಳಿಯನಿಗೆ ಇರಲಿಲ್ಲ. ಅಳತೆ ಮಾತ್ರ ತಮ್ಮದಲ್ಲವೆಂದು ಒಂದೇ ನೋಟಕ್ಕೆ ಗೊತ್ತಾಗಿತ್ತು.

ಏಸಿ ರಿಪೇರಿ ಮಾಡುತ್ತಿದ್ದ ಭಾವಮೈದುನ ಕೆಲಸದ ಮೇಲೆ ಪರಸ್ಥಳಕ್ಕೆ ಹೊರಟಿದ್ದ. ಹೋಗುವಾಗ ತನ್ನ ವಿಡಿಯೋ ಗೇಮಿನ ಪೆಟ್ಟಿಗೆಯನ್ನು ಅಕ್ಕನ ಮನೆಯಲ್ಲಿ ಇಟ್ಟು, “ಸುಮ್ನೆ ಮಲಗಿ ಬೇಜಾರಾಗುತ್ತೆ ಭಾವ, ಇದನ್ನ ಆಡಿ” ಎಂದು ಟೀವಿಗೆ ಜೋಡಿಸಿಕೊಟ್ಟ. ಬಾಸ್ಕೆಟ್‌ಬಾಲ್ ಆಟ. ಅದರಲ್ಲಿ ‘ಕೆರಿಯರ್’ ಎಂಬುದೊಂದಿತ್ತು. ನಮ್ಮದೇ ಒಬ್ಬ ಆಟಗಾರನನ್ನು ಹುಟ್ಟಿಸಿ, ಸಣ್ಣ ತಂಡದಿಂದ ಶುರುಮಾಡಿ, ಗೆದ್ದು ಗೆದ್ದು ದೊಡ್ಡವನನ್ನಾಗಿ ಮಾಡಬೇಕು. ಫೋನಿನಲ್ಲಿ ಮುಖದ ಚಿತ್ರ ತೆಗೆದುಕೊಟ್ಟರೆ ಆ ಆಟಗಾರನಿಗೆ ನಮ್ಮದೇ ಮುಖ. ಭಾವಮೈದುನ ಭಾವನ ಮುಖವನ್ನು ಎಡಬಲ ತಿರುಗಿಸಿ ಚಿತ್ರ ತೆಗೆದ.

“ಎತ್ತರ ಎಷ್ಟು ಹಾಕ್ಲಿ ಭಾವ?”

ತಕ್ಕಡಿಯವರ ನಿಜವಾದ ಎತ್ತರ ಐದಡಿ ಮೂರಂಗುಲ. ಜೀವಮಾನದಲ್ಲಿ ಅಳತೆಯ ವಿಷಯದಲ್ಲಿ ಸುಳ್ಳು ಹೇಳದ ಆ ಮನುಷ್ಯ ಬಾಗಿಲ ಕಡೆ ಒಮ್ಮೆ ನೋಡಿ ಮೆಲ್ಲಗೆ ಹೇಳಿದರು: “ಆರು ಅಡಿ ಒಂಬತ್ತಂಗುಲ ಹಾಕು.”

ಮೊದಲ ಪಂದ್ಯ ಗೆದ್ದರು. ಎರಡನೆಯದೂ ಗೆದ್ದರು. ಮೂರನೆಯದರಲ್ಲಿ ಜಾಯ್‌ಸ್ಟಿಕ್ ಎಂಬ ಕೈಕಡ್ಡಿಯ ಯಾವ ಗುಂಡಿ ಒತ್ತುತ್ತಿದ್ದೇನೆಂದು ನೋಡಿಕೊಳ್ಳದೆ ಒತ್ತಿದರೂ ಚೆಂಡು ಹೋಗಿ ಬುಟ್ಟಿಗೆ ಬಿತ್ತು. ಆಗ ಅವರಿಗೆ ಸಂಶಯ ಶುರುವಾಯಿತು. ಚಿಕ್ಕಂದಿನಿಂದ ಚೆಂಡು ಕಂಡರೆ ಕಣ್ಣು ಮುಚ್ಚಿಕೊಳ್ಳುತ್ತಿದ್ದ ತನ್ನನ್ನು ಈ ಪೆಟ್ಟಿಗೆ ಯಾಕೆ ಗೆಲ್ಲಿಸುತ್ತಿದೆ? ಭಾವಮೈದುನನಿಗೆ ಫೋನ್ ಮಾಡಿದರು.

“ಇದು ಸರಿಯಾಗಿದೆಯೇನಪ್ಪಾ? ನಾನು ಗೆಲ್ತಾನೇ ಇದೀನಿ.”

“ಶುರುವಿನ ಮ್ಯಾಚುಗಳು ಹಂಗೇ ಭಾವ. ಆಡೋರಿಗೆ ಹುರುಪು ಬರ್ಲಿ ಅಂತ ಸುಲಭ ಇಟ್ಟಿರ್ತಾರೆ.”

“ಅಂದ್ರೆ ಒಂದು ಕಡೆಗೆ ವಾಲಿಸಿ ಇಟ್ಟಿದಾರೆ. ಇದು ಮೋಸದ ತಕ್ಕಡಿ!”

“ವಾಲಿರೋದು ನಿಮ್ಮ ಕಡೆಗೇ ಅಲ್ವಾ ಭಾವ?”

ತಕ್ಕಡಿಯವರು ಫೋನ್ ಇಟ್ಟರು. ಚಿಟಿಕೆಯಷ್ಟು ವಾಲಿದ್ದಕ್ಕೆ ಅಂಗಡಿಗಳಿಗೆ ಬೀಗ ಜಡಿದವರು ಅವರು. ಈ ಪೆಟ್ಟಿಗೆಗೆ ಮಾತ್ರ ಬೀಗ ಜಡಿಯಲಿಲ್ಲ. ನಾಲ್ಕನೆಯ ಪಂದ್ಯಕ್ಕೆ ಕೂತರು. ಅದನ್ನೂ ಗೆದ್ದರು.

ಗೆದ್ದವರು ಅಷ್ಟಕ್ಕೇ ಸುಮ್ಮನಾಗಿದ್ದರೆ ಈ ಕಥೆಯನ್ನು ಬರೆಯುವ ಕಷ್ಟ ನನಗೆ ಬರುತ್ತಿರಲಿಲ್ಲ. ಆದರೆ ಗೆದ್ದದ್ದನ್ನು ಯಾರಿಗಾದರೂ ಹೇಳಬೇಕಲ್ಲ! ಹೆಂಡತಿಗೆ ಹೇಳಿದರೆ, “ಈ ವಯಸ್ಸಲ್ಲಿ ಮಕ್ಕಳಾಟ, ಯಾರಿಗೂ ಹೇಳ್ಬೇಡಿ” ಎಂದಳು. ಆಕೆ ದಂತವೈದ್ಯರ ಕ್ಲಿನಿಕ್ಕಿನಲ್ಲಿ ಫೋನ್ ಎತ್ತುವ ಕೆಲಸದವಳು. ಯಾವ ಮಾತನ್ನು ಯಾರಿಗೆ ಹೇಳಬಾರದು ಎಂಬುದನ್ನು ಚೆನ್ನಾಗಿ ಬಲ್ಲವಳು. ಕೆಳಗಿನ ಮನೆಯ ನಿವೃತ್ತ ಸ್ಟೇಷನ್ ಮಾಸ್ಟರು, “ಏನಮ್ಮಾ, ನಿಮ್ಮನೇಲಿ ಏನೋ ಗದ್ದಲ?” ಎಂದು ಕೇಳಿದ್ದಕ್ಕೆ, “ನಮ್ಮೋರು ಇಲಾಖೆ ಪರೀಕ್ಷೆಗೆ ಓದ್ತಿದಾರೆ, ಪಾಠ ಕೇಳ್ತಾರೆ” ಎಂದಿದ್ದಳು. ಪಾಠದ ನಡುವೆ ಸಾವಿರಾರು ಜನ ಯಾಕೆ ಶಿಳ್ಳೆ ಹೊಡೆಯುತ್ತಾರೆಂದು ಸ್ಟೇಷನ್ ಮಾಸ್ಟರು ಅಂದಿನಿಂದ ಯೋಚಿಸುತ್ತಲೇ ಇದ್ದರು.

ಕೊನೆಗೆ ತಕ್ಕಡಿಯವರು ಹೇಳಿದ್ದು ಲೀಟರಿಗೆ. ಲೀಟರ್ ಎಂದರೆ ಅವರದೇ ಕಚೇರಿಯಲ್ಲಿ ಪೆಟ್ರೋಲ್ ಪಂಪುಗಳನ್ನು ಪರೀಕ್ಷಿಸುವ ಸಹೋದ್ಯೋಗಿ. ಪಂಪುಗಳಲ್ಲಿ ಒಂದು ಹನಿ ಹೆಚ್ಚುಕಡಿಮೆಯಾದರೂ ಬಿಡದವನು. ಮಾತಿನಲ್ಲಿ ಮಾತ್ರ ಒಂದು ಕೇಳಿದರೆ ಒಂದೂವರೆ ತುಂಬಿಕೊಡುವವನು.

“ಕಾಲು ಹೇಗಿದೆ?” ಎಂದು ಅವನು ಫೋನ್ ಮಾಡಿದಾಗ ತಕ್ಕಡಿಯವರು, “ಕಾಲು ಬಿಡಪ್ಪ. ನಿನ್ನೆ ನಾಲ್ಕನೇ ಮ್ಯಾಚೂ ಗೆದ್ದೆ. ಬಾಸ್ಕೆಟ್‌ಬಾಲು. ಮೂವತ್ತು ಪಾಯಿಂಟು ನಂದೇ” ಎಂದರು.

“ನೀವಾ?”

“ಫೋಟೋ ಕಳಿಸ್ತೀನಿ ನೋಡು.”

ಕಳಿಸಿಯೇಬಿಟ್ಟರು. ನೀಲಿ ಬನಿಯನ್ನು, ಕಂಬದಂಥ ತೋಳುಗಳು, ಒಂದು ಕೈಯಲ್ಲಿ ಚೆಂಡು, ಎರಡೂ ಕಾಲು ಗಾಳಿಯಲ್ಲಿ. ಮೇಲೆ ತಕ್ಕಡಿಯವರ ಮುಖ, ಅದೇ ಮೀಸೆ, ಅದೇ ಬೋಳು ಹಣೆ. ‘ಟೀವಿಯಲ್ಲಿ’ ಎಂಬ ಒಂದು ಪದ ಸೇರಿಸಿದ್ದರೆ ಸಾಕಾಗಿತ್ತು. ಆ ಪದ ಅವರ ಗಂಟಲವರೆಗೂ ಬಂದು, ಹೊರಗಿನ ಸನ್ನಿವೇಶ ನೋಡಿ ವಾಪಸು ಹೋಯಿತು.

ಮರುದಿನ ಲೀಟರ್ ಮತ್ತೆ ಫೋನ್ ಮಾಡಿದಾಗ ಪಿಸುಗುಟ್ಟುತ್ತಿದ್ದ.

“ಸಾರ್, ಸ್ವಲ್ಪ ಎಡವಟ್ಟಾಗಿದೆ. ಆ ಫೋಟೋ ಸಾಹೇಬರ ಕೈಗೆ ಸೇರಿದೆ.”

“ಹೇಗೆ ಸೇರ್ತು?”

“ನಾನೇ ತೋರಿಸ್ದೆ. ಅದಿರ್ಲಿ. ಅವರು ಬಾಗಿಲು ಹಾಕ್ಕೊಂಡು ಸೂಪರಿಂಟೆಂಡೆಂಟ್ ಮೇಡಂ ಜೊತೆ ಬಹಳ ಹೊತ್ತು ಮಾತಾಡಿದ್ರು. ಹೊರಗೆ ಬಂದ ಮೇಡಂ, ‘ಅವರ ಎತ್ತರ ಎಷ್ಟು?’ ಅಂತ ಕೇಳಿದ್ರು. ಆಮೇಲೆ ‘ನಿಜವಾಗ್ಲೂ ಕಾಲು ಅಷ್ಟು ಕೆಟ್ಟಿದೆಯಾ?’ ಅಂದ್ರು. ನಾಳೆ ನಿಮ್ಮನೆಗೆ ಬರ್ತಾರಂತೆ.”

ತಕ್ಕಡಿಯವರಿಗೆ ಹಳೆಯದೊಂದು ಸಂಗತಿ ನೆನಪಾಯಿತು. ಹಿಂದೆ ಉಗ್ರಾಣದ ಗುಮಾಸ್ತನೊಬ್ಬ ಕಾಮಾಲೆಯೆಂದು ರಜೆ ಹಾಕಿ ಯಾರದೋ ಮದುವೆ ಮೆರವಣಿಗೆಯಲ್ಲಿ ಕುಣಿಯುತ್ತ ಸಿಕ್ಕಿಬಿದ್ದು, ಗಡಿಯಲ್ಲಿ ಲಾರಿ ತೂಗುವ ವೇ-ಬ್ರಿಡ್ಜಿಗೆ ವರ್ಗವಾಗಿದ್ದ. ಅಲ್ಲಿ ಲಾರಿಗಳನ್ನು ಬಿಟ್ಟರೆ ಮಾತಾಡಿಸಲು ಜೀವವಿಲ್ಲ. ಮುರಿದ ಕಾಲಿನ ರಜೆಯಲ್ಲಿ ಆಕಾಶಕ್ಕೆ ಹಾರಿದವನನ್ನು ಇನ್ನೆಲ್ಲಿಗೆ ಕಳಿಸುತ್ತಾರೆ?

“ನಿಜ ಹೇಳ್ಬಿಡಿ” ಎಂದಳು ಹೆಂಡತಿ.

“ಏನಂತ? ಇನ್ಸ್‌ಪೆಕ್ಟರು ಮನೇಲಿ ಕೂತು ವಿಡಿಯೋ ಗೇಮ್ ಆಡ್ತಿದ್ರು ಅಂತಲೇ? ಮಾರ್ಕೆಟ್ಟಲ್ಲಿ ಯಾವ ಅಂಗಡಿಯವನು ನನಗೆ ಹೆದರ್ತಾನೆ ಆಮೇಲೆ?”

“ನೀನು ಸುಮ್ನಿರೇ” ಎಂದರು ಅತ್ತೆ. “ಬರೋರು ನೋಡೋದು ಕಾಯಿಲೆನ. ಕಾಯಿಲೆ ಚೆನ್ನಾಗಿ ಕಾಣ್ಬೇಕು ಅಷ್ಟೆ.”

ಕಾಯಿಲೆ ಚೆನ್ನಾಗಿ ಕಾಣುವಂತೆ ಮಾಡುವ ಭಾರವನ್ನು ಅತ್ತೆಯೇ ಹೊತ್ತರು. ಅಳಿಯನಿಗೆ ಗಡ್ಡ ಬೋಳಿಸಲು ಬಿಡಲಿಲ್ಲ. ಚೆನ್ನಾಗಿದ್ದ ಕಾಲಿಗೂ ಒಂದು ಬ್ಯಾಂಡೇಜು ಸುತ್ತಿದರು. ಅಳಿಯ ಯಾಕೆಂದು ಕೇಳಿದ್ದಕ್ಕೆ, “ಒಂದು ಕಾಲಿನ ಭಾರವೆಲ್ಲ ಇನ್ನೊಂದರ ಮೇಲೇ ಅಲ್ವಾ, ಅದಕ್ಕೂ ನೋವು ಬಂದಿದೆ ಅನ್ನಿ” ಎಂದರು. ಬ್ಯಾಂಡೇಜು ಉಳಿಯಿತೆಂದು ತಲೆಗೂ ಸುತ್ತಿದರು. ಆಟದ ಪೆಟ್ಟಿಗೆಗೆ ಮೇಜುಬಟ್ಟೆ ಹೊದಿಸಿ ಅದರ ಮೇಲೆ ಔಷಧದ ಸೀಸೆಗಳನ್ನು ಜೋಡಿಸಿದರು. ಕೈಕಡ್ಡಿಯನ್ನು ಎಲ್ಲಿಡುವುದೆಂದು ತಿಳಿಯದೆ ಅಳಿಯನ ಹೊದಿಕೆಯೊಳಗೆ ತೂರಿಸಿದರು.

ಸೂಪರಿಂಟೆಂಡೆಂಟ್ ಮೇಡಂ ಸಂಜೆ ಬಂದರು. ನೇರವಾಗಿ ಮೇಲೆ ಬರಲಿಲ್ಲ. ಕೆಳಗೆ ಸ್ಟೇಷನ್ ಮಾಸ್ಟರು ಗೇಟಿನ ಬಳಿಯೇ ನಿಂತಿದ್ದರು. ಅವರು ನಿವೃತ್ತರಾದ ಮೇಲೂ ಬರುವವರ ಹೋಗುವವರ ಮೇಲೆ ಕಣ್ಣಿಡುವುದನ್ನು ಬಿಟ್ಟಿರಲಿಲ್ಲ.

“ಮೇಲಿನ ಮನೆಯವರು ಬಾಸ್ಕೆಟ್‌ಬಾಲ್ ಆಡ್ತಾರಾ?” ಎಂದು ಮೇಡಂ ಕೇಳಿದ್ದು, ತೆರೆದ ಕಿಟಕಿಯಿಂದ ಮೇಲಿದ್ದ ಮೂವರಿಗೂ ಕೇಳಿಸಿತು.

“ಓಹೋ, ಅದಾ! ಈಗ ಗೊತ್ತಾಯ್ತು ನೋಡಿ. ದಿನಾ ಚೆಂಡು ಕುಟ್ಟೋ ಸದ್ದು, ಪೀಪಿ, ಚಪ್ಪಾಳೆ! ಒಂದ್ ದಿನ ಒಂದೂರಿನ ಜನಾನೇ ಕೂಗಿದ ಹಾಗಿತ್ತು. ಆದ್ರೆ ಒಬ್ಬನೇ ಒಬ್ಬ ಮೆಟ್ಟಿಲು ಹತ್ತಿದ್ದು ನಾನು ನೋಡಿಲ್ಲ. ಏನೋ ಇದೆ ಮೇಡಂ. ಬನ್ನಿ, ನಾನೂ ಬರ್ತೀನಿ.”

ಒಳಗೆ ಬಂದ ಮೇಡಂ ಮಂಚದ ಮೇಲಿದ್ದ ಬಿಳಿಯ ಮೂಟೆಯನ್ನು ಕಂಡು ತಬ್ಬಿಬ್ಬಾದರು. “ಒಂದೇ ಕಾಲು ಅಂದಿದ್ರಲ್ಲ?”

“ಹರಡ್ತಿದೆ” ಎಂದರು ಅತ್ತೆ.

ಮೇಡಂ ಕುರ್ಚಿಯಲ್ಲಿ ಕೂತು ಫೋಟೋ ತೋರಿಸಿದರು. “ಇದು ಯಾರು?”

“ಅವರಣ್ಣ” ಎಂದರು ಅತ್ತೆ.

“ಅವರ ತಮ್ಮ” ಎಂದಳು ಹೆಂಡತಿ, ಅದೇ ಗಳಿಗೆಗೆ.

“ಅಣ್ಣನೋ ತಮ್ಮನೋ?”

“ಅವಳಿ ಮೇಡಂ” ಎಂದು ತಕ್ಕಡಿಯವರು ನರಳಿದರು.

“ಅವಳೀನಾ? ಇಷ್ಟು ಎತ್ತರ?”

“ಅವನು ಚಿಕ್ಕಂದಿನಿಂದ್ಲೂ ಚೆನ್ನಾಗಿ ತಿಂತಿದ್ದ.”

ಮೇಡಂ ಮುಂದಕ್ಕೆ ಬಾಗಿದರು. ಕಣ್ಣು ಸಣ್ಣದಾದವು. “ಈಗೆಲ್ಲಿದಾರೆ ಅವರು? ಏನು ಕೆಲಸ ಮಾಡ್ತಾರೆ? ಕರೆಸೋಕಾಗುತ್ತಾ?”

ಮೂವರೂ ಒಬ್ಬರ ಮುಖ ಒಬ್ಬರು ನೋಡಿದರು. ಸ್ಟೇಷನ್ ಮಾಸ್ಟರು ಬಾಗಿಲಿಗೆ ಅಡ್ಡವಾಗಿ ನಿಂತುಕೊಂಡರು.

“ನನಗೆ ನಂಬಿಕೆ ಬರ್ತಿಲ್ಲ” ಎಂದರು ಮೇಡಂ. “ಲೀಟರ್ ಹೇಳಿದ್ದು ಇದು ನೀವೇ ಅಂತ. ಡಾಕ್ಟರು ಕಾಲು ನೆಲಕ್ಕೆ ಊರಬಾರದು ಅಂದಿದ್ರು ಅಲ್ವಾ?”

ಅಳಿಯನ ಮಾನ ಹೋಗುವ ಹೊತ್ತಿನಲ್ಲಿ ಅತ್ತೆ ಹಿಂದೆ ಬೀಳಲಿಲ್ಲ. ಫೋಟೋದತ್ತ ಹೆಣಿಗೆ ಕಡ್ಡಿ ಚಾಚಿ, “ಸರಿಯಾಗಿ ನೋಡಿ ತಾಯಿ, ಇದ್ರಲ್ಲೂ ಊರಿಲ್ಲ” ಎಂದರು.

ಈ ಮಾತಿಗೆ ತಕ್ಕಡಿಯವರು ಹೊದಿಕೆಯೊಳಗೆ ಹೊರಳಿದರು. ಹೊರಳಿದಾಗ ಕೈಕಡ್ಡಿಯ ಯಾವುದೋ ಗುಂಡಿ ಒತ್ತಿತು. ಔಷಧದ ಸೀಸೆಗಳ ಅಡಿಯಿಂದ ‘ಟಿಂಗ್’ ಎಂದಿತು. ಟೀವಿ ತಾನಾಗಿಯೇ ಆನ್ ಆಗಿ, ಇಡೀ ಕ್ರೀಡಾಂಗಣ ಹೋ ಎಂದು ಅಬ್ಬರಿಸಿತು. ದೀಪಗಳ ಬೆಳಕಿನಲ್ಲಿ ಆರಡಿ ಒಂಬತ್ತಂಗುಲದ ತಕ್ಕಡಿಯವರು ನೀಲಿ ಬನಿಯನ್ನು ತೊಟ್ಟು, ಎದೆ ತಟ್ಟಿಕೊಳ್ಳುತ್ತ ಓಡಿಬಂದರು.

“ಇವರೇ! ಇದೇ ಜನ!” ಎಂದು ಸ್ಟೇಷನ್ ಮಾಸ್ಟರು ಕೂಗಿದರು.

ಮೇಡಂ ಟೀವಿ ನೋಡಿದರು. ಮಂಚ ನೋಡಿದರು. ಮತ್ತೆ ಟೀವಿ ನೋಡಿದರು. ತಕ್ಕಡಿಯವರು ತಲೆಯ ಬ್ಯಾಂಡೇಜನ್ನು ಬಿಚ್ಚಿ ಕೈಯಲ್ಲಿ ಹಿಡಿದುಕೊಂಡು ಎಲ್ಲವನ್ನೂ ಒಪ್ಪಿಕೊಂಡರು. ಭಾವಮೈದುನ ಕೊಟ್ಟದ್ದು, ಮುಖದ ಚಿತ್ರ, ಎತ್ತರದ ವಿಷಯದಲ್ಲಿ ತಾವು ಮಾಡಿದ ಮೋಸ, ಎಲ್ಲ. ಕೊನೆಗೆ, “ನನಗೆ ಬಾಸ್ಕೆಟ್‌ಬಾಲ್ ಬರೋದೇ ಇಲ್ಲ ಮೇಡಂ. ಆಣೆ ಮಾಡಿ ಹೇಳ್ತೀನಿ, ಆ ಚೆಂಡನ್ನ ಇದುವರೆಗೂ ಮುಟ್ಟಿಲ್ಲ” ಎಂದರು.

ಇದನ್ನು ಕೇಳಿ ಮೇಡಂ ಮುಖ ಅರಳಬೇಕಿತ್ತು. ಬಾಡಿಹೋಯಿತು.

“ಸ್ವಲ್ಪಾನೂ ಬರಲ್ವಾ?”

“ಸ್ವಲ್ಪಾನೂ ಇಲ್ಲ.”

“ಅವಳಿ ಸೋದರ?”

“ಅವನೂ ಇಲ್ಲ ಮೇಡಂ.”

“ಅಯ್ಯೋ, ಹೋಯ್ತಲ್ರೀ!” ಎಂದು ಮೇಡಂ ಹಣೆ ಹಿಡಿದುಕೊಂಡು ಕೂತರು.

ಆಮೇಲೆ ಹೊರಬಂದ ಸಂಗತಿಯೇ ಬೇರೆ. ಇಲಾಖೆಗಳ ನಡುವಿನ ಬಾಸ್ಕೆಟ್‌ಬಾಲ್ ಪಂದ್ಯಾವಳಿ ಹತ್ತಿರವಾಗಿತ್ತು. ಪ್ರತಿವರ್ಷವೂ ಮೊದಲ ಸುತ್ತಿನಲ್ಲಿಯೇ ಅಗ್ನಿಶಾಮಕ ದಳದವರು ಅಳತೆ ಮತ್ತು ತೂಕದವರನ್ನು ಸೋಲಿಸಿ ಕಳಿಸುತ್ತಿದ್ದರು. ಫೋಟೋ ನೋಡಿದ ಸಾಹೇಬರು ಅದು ಕಾಲು ಮುರಿಯುವ ಮುಂಚಿನದೆಂದುಕೊಂಡು, ತಡೆಯಲಾರದೆ ಅಗ್ನಿಶಾಮಕದ ಮುಖ್ಯಸ್ಥರಿಗೆ ಫೋನ್ ಮಾಡಿ, “ಈ ಸಲ ನಮ್ಮಲ್ಲೊಬ್ಬ ಇದಾನೆ” ಎಂದು ಹೇಳಿ, ಫೋಟೋವನ್ನೂ ಕಳಿಸಿಬಿಟ್ಟಿದ್ದರು. ಕಾಲು ಯಾವಾಗ ಸರಿಹೋಗುತ್ತದೆಂದು ತಿಳಿದುಬರಲು ಮೇಡಂ ಬಂದಿದ್ದರು, ಅಷ್ಟೆ.

“ಹಾಗಾದ್ರೆ ರಜೆ ವಿಷಯ?” ಎಂದು ತಕ್ಕಡಿಯವರು ತಡವರಿಸಿದರು.

“ರಜೆ ವಿಷಯ ಯಾರು ಕೇಳಿದ್ರು? ಆ ತೂಕ ನಿಮ್ಮ ಕಾಲ ಮೇಲೆ ಬಿದ್ದದ್ದು ನನ್ನ ಕಣ್ಣೆದುರಿಗೇ. ಆಂಬುಲೆನ್ಸಿಗೆ ಫೋನ್ ಮಾಡಿದ್ದೂ ನಾನೇ!”

ಅತ್ತೆ ಎದ್ದು, ಚೆನ್ನಾಗಿದ್ದ ಕಾಲಿನ ಬ್ಯಾಂಡೇಜು ಬಿಚ್ಚತೊಡಗಿದರು.

ಸಾಹೇಬರು ಮಾತ್ರ ಆಡಿದ ಮಾತನ್ನು ಹಿಂದಕ್ಕೆ ತೆಗೆದುಕೊಳ್ಳುವ ಪೈಕಿಯಲ್ಲ. ಪಂದ್ಯದ ದಿನ ತಕ್ಕಡಿಯವರನ್ನು ಕಚೇರಿಯ ಜೀಪಿನಲ್ಲಿ ಕರೆಸಿ, ನೀಲಿ ಬನಿಯನ್ನು ತೊಡಿಸಿ, ಪ್ಲಾಸ್ಟರಿನ ಕಾಲನ್ನು ಸ್ಟೂಲಿನ ಮೇಲೆ ಚಾಚಿಸಿ ಅಂಗಳದ ಪಕ್ಕದಲ್ಲಿ ಕೂರಿಸಿದರು. “ಏನೂ ಮಾತಾಡ್ಬೇಡಿ. ಗಾಯವಾಗಿರೋ ಆಟಗಾರ ಅಂತ ನಾನು ಹೇಳ್ತೀನಿ. ಸೋತ್ರೂ ಮರ್ಯಾದೆ ಇರುತ್ತೆ.” ಪಕ್ಕದಲ್ಲಿ ಅತ್ತೆ ಹೆಣಿಗೆ ಹಿಡಿದು ಕೂತರು.

ಅಗ್ನಿಶಾಮಕದ ಮುಖ್ಯಸ್ಥರು ಈ ಪ್ಲಾಸ್ಟರನ್ನು ದೂರದಿಂದ ನೋಡಿದರು. ಹತ್ತಿರ ಬಂದು ನೋಡಿದರು. ಬಾಗಿ, ಬೆರಳಿನಿಂದ ಟಕಟಕ ಬಡಿದು ನೋಡಿದರು. ತಮ್ಮವರ ಬಳಿಗೆ ಹೋಗಿ ಹೇಳಿದ್ದು ಎಲ್ಲರಿಗೂ ಕೇಳಿಸಿತು: “ನಾಟಕ ಕಣ್ರೋ. ಫೋಟೋದಲ್ಲಿ ಹಾರ್ತಿದ್ದವನಿಗೆ ಈಗ ಇದ್ದಕ್ಕಿದ್ದ ಹಾಗೆ ಕಾಲು ಮುರೀತಾ? ಕೊನೇ ಗಳಿಗೇಲಿ ಇಳಿಸ್ತಾರೆ. ಕೂತಿರೋದಕ್ಕೆ ಎತ್ತರ ಕಾಣ್ತಿಲ್ಲ ಅಷ್ಟೆ.” ತಂಡದಲ್ಲಿ ಎಲ್ಲರಿಗಿಂತ ಎತ್ತರದ, ಎಲ್ಲರಿಗಿಂತ ಚುರುಕಾದ ಇಬ್ಬರನ್ನು ಹೊರಗೇ ಕೂರಿಸಿದರು. “ನೀವಿಬ್ರೂ ದಣೀಬೇಡಿ. ಅವನು ಇಳಿದ ಕೂಡ್ಲೇ ನೀವು ಇಳೀಬೇಕು.”

ಆಟ ಸಾಗಿತು. ಆ ಇಬ್ಬರಿಲ್ಲದ ಅಗ್ನಿಶಾಮಕ ದಳ ಅಂಥದ್ದೇನಾಗಿರಲಿಲ್ಲ. ಲೀಟರ್ ಕೂಡ ಒಂದು ಸಲ ಚೆಂಡು ಬುಟ್ಟಿಗೆ ಹಾಕಿದ. ನಡುವೆ ಪ್ಲಾಸ್ಟರಿನೊಳಗೆ ತುರಿಕೆ ಹತ್ತಿ, ತಕ್ಕಡಿಯವರು ಅತ್ತೆಯ ಹೆಣಿಗೆ ಕಡ್ಡಿ ಇಸಿದುಕೊಂಡು ಒಳಕ್ಕೆ ತೂರಿಸಿ ಆಡಿಸಿದರು.

“ಬಿಚ್ತಿದಾನೆ! ಬಿಚ್ತಿದಾನೆ!” ಎಂದು ಎದುರುಗಡೆ ಕೂಗೆದ್ದಿತು. ಇಬ್ಬರೂ ಎದ್ದು ನಿಂತರು. ಆಡುತ್ತಿದ್ದವರೆಲ್ಲ ಇತ್ತ ತಿರುಗಿದರು. ಆ ಹೊತ್ತಿನಲ್ಲಿ ಅಳತೆ ಮತ್ತು ತೂಕದವರು ಯಾರ ಅಡ್ಡಿಯೂ ಇಲ್ಲದೆ ಸರಾಗವಾಗಿ ಇನ್ನೂ ಎರಡು ಸಲ ಬುಟ್ಟಿಗೆ ಹಾಕಿದರು. ತುರಿಕೆ ನಿಂತಿತು, ಇಬ್ಬರೂ ಕೂತರು. ಸಾಹೇಬರು ಹಿಂದಿನಿಂದ ಬಾಗಿ, “ಆಗಾಗ ತುರಿಸ್ಕೊಳ್ತಾ ಇರಿ” ಎಂದರು.

ಅಳತೆ ಮತ್ತು ತೂಕದವರು ಗೆದ್ದರು. ಸುದ್ದಿ ಹಬ್ಬಿತು. ಅಗ್ನಿಶಾಮಕವನ್ನು ಸೋಲಿಸುವುದಕ್ಕೂ ಅವನನ್ನು ಇಳಿಸಲಿಲ್ಲವೆಂದರೆ ಅವನೆಂಥ ಆಟಗಾರನಿರಬೇಕು! ಸೆಮಿಫೈನಲ್ ಪಂದ್ಯದಲ್ಲಿ ವಿದ್ಯುತ್ ಕಚೇರಿಯವರು ಮೂವರನ್ನು ಹೊರಗೆ ಕೂರಿಸಿ, ಪ್ಲಾಸ್ಟರಿನ ಕಾಲನ್ನೇ ನೋಡುತ್ತ ಸೋತರು. ಪಂದ್ಯ ಮುಗಿದ ಮೇಲೂ ಒಬ್ಬ ಜೀಪಿನ ಹಿಂದೆಯೇ ಬಂದು, ತಕ್ಕಡಿಯವರು ಮನೆಯ ಮೆಟ್ಟಿಲನ್ನು ಹೇಗೆ ಹತ್ತುತ್ತಾರೆಂದು ನೋಡಿಕೊಂಡು ಹೋದ. ಸ್ಟೇಷನ್ ಮಾಸ್ಟರು ಅವನಿಗೆ, “ಮೇಲೆ ಹೋದ ತಕ್ಷಣ ಚೆಂಡಿನ ಸದ್ದು ಶುರುವಾಗುತ್ತೆ, ಬೇಕಾದ್ರೆ ನಿಂತು ಕೇಳಿ” ಎಂದರಂತೆ.

ಫೈನಲಿಗೆ ಸ್ವಲ್ಪ ದಿನ ಉಳಿದಿರುವಾಗ ಪ್ಲಾಸ್ಟರ್ ಬಿಚ್ಚಿಸುವ ದಿನ ಬಂತು. ಸಾಹೇಬರ ಫೋನೂ ಬಂತು. “ಬಿಚ್ಚಿಸ್ಬೇಡ್ರೀ! ಎರಡು ಕಾಲಲ್ಲಿ ಬಂದ್ರೆ ಇಳಿಸ್ಲೇಬೇಕಾಗುತ್ತೆ. ಇಳಿಸಿದ್ರೆ ಸೋತ್ವಿ. ಡಾಕ್ಟರಿಗೆ ಏನಾದ್ರೂ ಹೇಳಿ ಫೈನಲ್‌ವರೆಗೂ ಇರಿಸ್ಕೊಳ್ಳಿ.”

ಆದರೆ ಹೆಂಡತಿ, ಅತ್ತೆಯ ಜೊತೆ ಆಸ್ಪತ್ರೆಗೆ ಹೋದ ತಕ್ಕಡಿಯವರು ಬಾಯಿ ತೆರೆಯುವಷ್ಟರಲ್ಲಿ ಡಾಕ್ಟರು ಪ್ಲಾಸ್ಟರನ್ನು ಕತ್ತರಿಸಿ ತೆಗೆದೇಬಿಟ್ಟಿದ್ದರು. ಪಾದವನ್ನು ಒತ್ತಿದರು, ತಿರುಗಿಸಿದರು. “ನೋವಿದೆಯಾ?”

“ಇಲ್ಲ ಡಾಕ್ಟ್ರೇ. ಆದ್ರೆ ಇನ್ನೊಂದು ಪ್ಲಾಸ್ಟರ್ ಹಾಕ್ತೀರಾ?”

ಡಾಕ್ಟರು ತಲೆಯೆತ್ತಿದರು. “ಬೇಗ ಬಿಚ್ಚಿ ಅಂತ ಅಳೋರನ್ನ ನೋಡಿದೀನಿ. ವಾಸಿಯಾದ ಕಾಲಿಗೆ ಮತ್ತೆ ಹಾಕಿ ಅನ್ನೋರನ್ನ ನೋಡಿಲ್ಲ. ಏನ್ರೀ ವಿಷಯ? ರಜೆ ಬೇಕಾ?”

“ಛೆ ಛೆ, ನಮ್ಮಳಿಯ ಅಂಥೋರಲ್ಲ” ಎಂದು ಅತ್ತೆ ನಡುವೆ ಬಂದರು. ಹೆಂಡತಿ ಅಮ್ಮನ ಕೈ ಚಿವುಟಿದಳು. ಅತ್ತೆ ನಿಲ್ಲಿಸಲಿಲ್ಲ. “ಬಾಸ್ಕೆಟ್‌ಬಾಲ್ ಫೈನಲ್ ಇದೆ. ಇವರು ಪ್ಲಾಸ್ಟರ್ ಹಾಕ್ಕೊಂಡು ಕೂತ್ರೆ ಸಾಕು, ಎದುರುಗಡೆಯೋರು ಹೆದರಿ ಒಳ್ಳೊಳ್ಳೆ ಆಟಗಾರರನ್ನೆಲ್ಲ ಹೊರಗೆ ಕೂರಿಸ್ತಾರೆ. ಇಲ್ಲಿವರೆಗೂ ಹಂಗೇ ಗೆದ್ದಿರೋದು.”

ಡಾಕ್ಟರು ಪಾದವನ್ನು ಮೆಲ್ಲನೆ ಕೆಳಗಿಟ್ಟರು. “ಓ, ಅಳತೆ ಮತ್ತು ತೂಕದೋರು ನೀವೇನಾ? ಆ ಹಾರೋ ಮನುಷ್ಯ? ಅಂದ್ರೆ ನಿಮಗೆ ಆಡೋಕೇ ಬರಲ್ಲ?”

“ಸ್ವಲ್ಪಾನೂ ಬರಲ್ಲ ಡಾಕ್ಟ್ರೇ” ಎಂದರು ತಕ್ಕಡಿಯವರು, ಇನ್ನೇನು ಪ್ಲಾಸ್ಟರ್ ಸಿಕ್ಕೇಬಿಟ್ಟಿತೆಂಬ ಸಂತೋಷದಲ್ಲಿ.

“ಒಳ್ಳೇದು. ಫೈನಲಲ್ಲಿ ಎದುರು ಯಾರು ಅಂತ ಗೊತ್ತಾ?”

“ಇಲ್ಲ. ಸಾಹೇಬರು ಹೇಳ್ಲಿಲ್ಲ.”

“ಆರೋಗ್ಯ ಇಲಾಖೆ” ಎಂದು ಡಾಕ್ಟರು ಎದ್ದು ನಿಂತರು. ನಿಲ್ಲುತ್ತಲೇ ಹೋದರು, ತಲೆ ಇನ್ನೇನು ದೀಪಕ್ಕೆ ತಾಗುವಂತಿತ್ತು. “ನಾನೇ ಕ್ಯಾಪ್ಟನ್. ನಿಮ್ಮ ಕಾಲು ಪೂರ್ತಿ ವಾಸಿಯಾಗಿದೆ. ಓಡಿ, ಜಿಗೀರಿ, ಧಾರಾಳವಾಗಿ ಆಡಿ. ಈಗ್ಲೇ ನಿಮ್ಮ ಸಾಹೇಬರಿಗೆ ಫೋನ್ ಮಾಡಿ ನಾನೇ ಹೇಳ್ತೀನಿ.”